ಹಾಲು ಉಕ್ಕದ ದಿನ: ಒಂದು ಆಪ್ತಸಲಹೆ ಪ್ರಕರಣ

ಸುಮಿತ್ರಾ ಮೊದಲ ದಿನ ಬಂದವರೇ ಚೀಲದಿಂದ ಒಂದು ನೋಟ್‌ಬುಕ್ ತೆಗೆದು ಮೇಜಿನ ಮೇಲಿಟ್ಟರು. "ನೋಡಿ ಮೇಡಂ, ಒಂದು ದಿನವೂ ತಪ್ಪದೆ ಬರೆದಿದ್ದೇನೆ. ಏನೂ ಗುಣ ಕಾಣಲಿಲ್ಲ." ಮಾತ್ರೆ ನುಂಗಿದರೂ ಜ್ವರ ಇಳಿಯಲಿಲ್ಲ ಎಂದು ದೂರುವ ಧಾಟಿ. (ಹೆಸರನ್ನೂ ಗುರುತು ಸಿಗುವಂಥ ಮನೆಯ ವಿವರಗಳನ್ನೂ ಬದಲಿಸಿದ್ದೇನೆ, ಬರೆಯಲು ಅವರ ಒಪ್ಪಿಗೆ ಇದೆ.)

ವಯಸ್ಸು 47. ವರ್ಷದ ಹಿಂದೆ ಅತ್ತೆಗೆ ಪಾರ್ಶ್ವವಾಯು ಬಡಿದು ಬಲಭಾಗ ಸ್ವಾಧೀನ ತಪ್ಪಿತ್ತು, ಮಾತೂ ನಿಂತಿತ್ತು. ಮಲಗಿದ್ದಲ್ಲೇ ಹುಣ್ಣಾಗದಂತೆ ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕು. ರಾತ್ರಿಯೂ ಅಲಾರಾಂ ಇಟ್ಟು ಏಳುತ್ತಿದ್ದವರು ಇವರೊಬ್ಬರೇ. ಎದೆ ಭಾರ, ಸಣ್ಣದಕ್ಕೂ ಸಿಡುಕು, ಸಿಡುಕಿದ ಮೇಲೆ ಪಶ್ಚಾತ್ತಾಪ. ಯಾರಲ್ಲಿ ಹೇಳಿಕೊಂಡರೂ ಬರುತ್ತಿದ್ದುದು ಒಂದೇ ಉತ್ತರ: ಗಂಡ ಕುಡಿಯುವುದಿಲ್ಲ, ಸ್ವಂತ ಮನೆ ಇದೆ, ನಿನಗಿಂತ ಕಷ್ಟದಲ್ಲಿರುವವರನ್ನು ನೋಡು. ಬೆಂಗಳೂರಿನಲ್ಲಿರುವ ಮಗಳು ಪ್ರೀತಿಯಿಂದಲೇ ಈ ಪುಸ್ತಕ ತಂದುಕೊಟ್ಟು, "ದಿನಾ ಮೂರು ಒಳ್ಳೆಯ ಸಂಗತಿ ಬರೆಯಮ್ಮ" ಎಂದಿದ್ದಳು.

ತೆರೆದು ನೋಡಿದೆ. ಇಪ್ಪತ್ತಮೂರು ದಿನ, ಇಪ್ಪತ್ತಮೂರು ಪುಟ, ಅವೇ ಮೂರು ಸಾಲು. "ಆರೋಗ್ಯ ಇದೆ. ಮನೆ ಇದೆ. ಮಕ್ಕಳು ಚೆನ್ನಾಗಿದ್ದಾರೆ." ಶಾಲೆಗೆ ತಡವಾಗಿ ಹೋದಾಗ ಒಂದೇ ವಾಕ್ಯವನ್ನು ನೂರು ಸಲ ಬರೆಸುತ್ತಿದ್ದರಲ್ಲ, ಹಾಗೆ. ಪುಟ ತಿರುಗಿದಂತೆ ಅಕ್ಷರಗಳೂ ಸೊರಗಿದ್ದವು. ಹದಿನೇಳನೆಯ ಪುಟದ ಅಂಚಿನಲ್ಲಿ ಮಾತ್ರ ಪೆನ್ಸಿಲ್‌ನಲ್ಲಿ ಗೀಚಿದ ಒಂದು ಸಾಲಿತ್ತು: "ಇವತ್ತು ಹಾಲು ಉಕ್ಕಲಿಲ್ಲ."

ಇದೇನು ಎಂದೆ. ಅವರಿಗೆ ಸಂಕೋಚ. "ಅದು ಲೆಕ್ಕಕ್ಕಿಲ್ಲ ಮೇಡಂ." ಅಂದು ಬೆಳಿಗ್ಗೆ ಕರೆಂಟ್ ಹೋಗಿ ಮೊಬೈಲ್ ಸತ್ತಿತ್ತಂತೆ, ಬೇರೆ ಕೆಲಸ ತೋಚದೆ ಒಲೆಯ ಮುಂದೆಯೇ ನಿಂತಿದ್ದರು. ಮೊದಲು ತೆಳ್ಳಗೆ ಕೆನೆ ಕಟ್ಟಿತು, ಪಾತ್ರೆಯ ಅಂಚಿಗೆ ಸಣ್ಣ ಗುಳ್ಳೆಗಳು ಸಾಲುಗಟ್ಟಿದವು, ನಡುವೆ ಕೆನೆ ಸುಕ್ಕಾಯಿತು, ಆಮೇಲೆ ಇಡೀ ಹಾಲು ಉಸಿರೆಳೆದುಕೊಂಡಂತೆ ಮೇಲೆದ್ದಿತು. ಹೇಳುತ್ತಿದ್ದಂತೆ ಅವರ ಕೈ ಗಾಳಿಯಲ್ಲೇ ಒಲೆಯ ಗುಂಡಿ ತಿರುಗಿಸಿತು. ಈ ಪುಸ್ತಕದಲ್ಲಿ ನೀವು ನಿಜವಾಗಿ ಬರೆದದ್ದು ಇದೊಂದೇ ಸಾಲು ಎಂದೆ. ಅವರು ಸ್ವಲ್ಪ ಹೊತ್ತು ಅತ್ತರು.

ಕೃತಜ್ಞ ಎಂಬ ಪದವನ್ನು ಬಿಡಿಸಿ ನೋಡಿ: ಕೃತ ಎಂದರೆ ಮಾಡಿದ್ದು, ಜ್ಞ ಎಂದರೆ ಅರಿತವನು. ಅರಿವಿಲ್ಲದ ಕಡೆ ಕೃತಜ್ಞತೆ ಹುಟ್ಟುವುದಿಲ್ಲ. ನಮ್ಮ ಮನೆಗಳಲ್ಲಿ ಇದನ್ನು ತಲೆಕೆಳಗು ಮಾಡಿ, 'ಇರುವುದಕ್ಕೆ ಖುಷಿ ಪಡು' ಎಂಬುದನ್ನು 'ಬಾಯಿ ಮುಚ್ಚು' ಎಂಬುದರ ಸಭ್ಯ ರೂಪವಾಗಿ ಬಳಸುತ್ತೇವೆ. ಇನ್ನೊಬ್ಬರ ಕಷ್ಟಕ್ಕೆ ಹೋಲಿಸಿ ಪಡುವ ಸಮಾಧಾನದ ಮೇಲಂತೂ ನನಗೆ ನಂಬಿಕೆಯೇ ಇಲ್ಲ. ಅದು ಸಂಜೆಯವರೆಗೂ ಉಳಿಯುವುದಿಲ್ಲ.

ಸಲಹೆಗೆ ಮೊದಲು ಎರಡು ಕೆಲಸ ಇದ್ದವು. ರಕ್ತಪರೀಕ್ಷೆ ಮಾಡಿಸಿದೆವು, ಹಿಮೋಗ್ಲೋಬಿನ್ 9 ಇತ್ತು. ರಕ್ತಹೀನತೆಗೆ ಕೃತಜ್ಞತೆ ಮದ್ದಲ್ಲ, ವೈದ್ಯರ ಬಳಿ ಕಳುಹಿಸಿದೆ. ಸಾಯಬೇಕೆನಿಸುತ್ತದೆಯೇ ಎಂದು ನೇರವಾಗಿಯೇ ಕೇಳಿದೆ, ಇಲ್ಲವೆಂದರು. ಹೌದೆಂದಿದ್ದರೆ ನೋಟ್‌ಬುಕ್ ಪಕ್ಕಕ್ಕಿಟ್ಟು ಅಂದೇ ಮನೋವೈದ್ಯರನ್ನು ಕಾಣಿಸುತ್ತಿದ್ದೆ. ಓದುತ್ತಿರುವವರಲ್ಲಿ ಯಾರಿಗಾದರೂ ಆ ಯೋಚನೆ ಬರುತ್ತಿದ್ದರೆ ಟೆಲಿ ಮನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ, ಕನ್ನಡದಲ್ಲೇ ಮಾತನಾಡಬಹುದು.

ಆಮೇಲೆ ಹಾಲಿನ ವಿಷಯ. 1979ರಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಜಾನ್ ಕಬಾಟ್-ಝಿನ್ ಅವರು ಬೌದ್ಧ ಧ್ಯಾನದ ಸಾರವನ್ನು ಆಸ್ಪತ್ರೆಗೆ ತಂದು, ರೋಗಿಗಳಿಗೆ ಮೈಂಡ್‌ಫುಲ್‌ನೆಸ್, ಅಂದರೆ ಈ ಕ್ಷಣದಲ್ಲಿ ನಡೆಯುತ್ತಿರುವುದರ ಮೇಲೆ ಗಮನವಿಡುವ ಅಭ್ಯಾಸ ಕಲಿಸತೊಡಗಿದರು. ಒಂದೇ ಒಂದು ಒಣದ್ರಾಕ್ಷಿಯನ್ನು ನೋಡಿ, ಮುಟ್ಟಿ, ಮೂಸಿ, ನಿಧಾನವಾಗಿ ತಿನ್ನುವುದು ಆ ತರಬೇತಿಯ ಪ್ರಸಿದ್ಧ ಪಾಠ. ಸುಮಿತ್ರಾ ಅವರಿಗೆ ದ್ರಾಕ್ಷಿ ಬೇಕಿರಲಿಲ್ಲ. ದಿನವೂ ಬೆಳಿಗ್ಗೆ ಹಾಲು ಕಾಯುವಷ್ಟು ಹೊತ್ತು ಮೊಬೈಲ್ ಇಲ್ಲದೆ ನಿಲ್ಲಿ ಎಂದೆ. ಮನಸ್ಸು ಅತ್ತೆಯ ಕೋಣೆಗೆ ಓಡುತ್ತದೆ, ಓಡಲಿ. ಓಡಿದ್ದು ಗೊತ್ತಾದಾಗ ಬೈದುಕೊಳ್ಳದೆ ಮತ್ತೆ ಪಾತ್ರೆಗೆ ಕರೆತನ್ನಿ.

ದಿನಾ ಬರೆಯುವುದನ್ನು ನಿಲ್ಲಿಸಿ, ವಾರಕ್ಕೊಮ್ಮೆ ಬರೆಯಿರಿ ಎಂದೆ. ಮನೋವಿಜ್ಞಾನಿಗಳಾದ ರಾಬರ್ಟ್ ಎಮ್ಮನ್ಸ್ ಮತ್ತು ಮೈಕೆಲ್ ಮೆಕಲೋ 2003ರಲ್ಲಿ ಪ್ರಕಟಿಸಿದ ಅಧ್ಯಯನವೊಂದರಲ್ಲಿ ಕೆಲವು ವಿದ್ಯಾರ್ಥಿಗಳು ಕೃತಜ್ಞತೆ ಮೂಡಿಸಿದ ಸಂಗತಿಗಳನ್ನು ಬರೆದದ್ದು ವಾರಕ್ಕೊಮ್ಮೆ, ಹತ್ತು ವಾರ. ತೊಂದರೆಗಳನ್ನು ಪಟ್ಟಿ ಮಾಡಿದವರಿಗಿಂತ ಅವರಿಗೆ ಬದುಕು ಹೆಚ್ಚು ಹಿತವೆನಿಸಿತ್ತು. ಲಾಭ ಪವಾಡವೇನಲ್ಲ, ಸಾಧಾರಣ. ಆದರೂ ವಾರಕ್ಕೊಮ್ಮೆ ಎಂದಾಗ ಕಣ್ಣಿಗೆ ಹುಡುಕಲು ಪುರುಸೊತ್ತು ಸಿಗುತ್ತದೆ. 'ಮನೆ ಇದೆ' ಎಂದು ಬರೆಯುವಂತಿಲ್ಲ, ಕಣ್ಣಾರೆ ಕಂಡದ್ದು, ಕಿವಿಯಾರೆ ಕೇಳಿದ್ದು ಮಾತ್ರ ಎಂದು ನಿಯಮ ಹಾಕಿದೆ.

ನೋಟ್‌ಬುಕ್ ತಿರುವಿಹಾಕಿ ಕೊನೆಯ ಪುಟದಿಂದ ದೂರುಗಳನ್ನು ಬರೆಯಲೂ ಹೇಳಿದೆ. ಇದಕ್ಕೆ ಅವರು ಹೌಹಾರಿದರು. "ಪಾಪ ಅಲ್ಲವೇ ಮೇಡಂ?" ಮುಂದಿನ ವಾರ ಬಂದಾಗ ಮುಂದಿನ ಕಡೆ ನಾಲ್ಕು ಸಾಲು, ಹಿಂದಿನ ಕಡೆ ಆರು ಪುಟ. ಮುಂದಿನ ಕಡೆಯ ಒಂದು ಸಾಲು ನನಗೆ ಇನ್ನೂ ನೆನಪಿದೆ: "ತಲೆ ಬಾಚುವಾಗ ಅತ್ತೆ ಎಡಗೈಯಿಂದ ಹೇರ್‌ಪಿನ್ ಎತ್ತಿಕೊಟ್ಟರು." ಹಿಂದಿನ ಕಡೆ ಮೈದುನನ ಹೆಸರು ಹದಿನೊಂದು ಸಲ ಬಂದಿತ್ತು. ವರ್ಷದಲ್ಲಿ ಎರಡು ಸಲ ಹಣ್ಣು ಹಿಡಿದುಕೊಂಡು ಬಂದು, "ಅತ್ತಿಗೆ, ನಿಮ್ಮ ಪುಣ್ಯ ದೊಡ್ಡದು" ಎಂದು ಹೋಗುವ ಮೈದುನ.

ಮೂರನೆಯ ಭೇಟಿಗೆ ಗಂಡನನ್ನೂ ಕರೆಸಿದೆ. ನಿಮ್ಮ ಹೆಂಡತಿ ಬೆಳಿಗ್ಗೆಯಿಂದ ರಾತ್ರಿಯವರೆಗೆ ಏನೇನು ಮಾಡುತ್ತಾರೆ, ಹೇಳಿ ಎಂದೆ. ಒಳ್ಳೆಯ ಮನುಷ್ಯ, ಉತ್ಸಾಹದಿಂದಲೇ ಶುರು ಮಾಡಿ ಆರನೆಯ ಕೆಲಸಕ್ಕೆ ನಿಂತುಬಿಟ್ಟರು. ಸುಮಿತ್ರಾ ಬಾಯಿ ಬಿಡಲಿಲ್ಲ. ಆ ವಾರದಿಂದ ರಾತ್ರಿ ಎರಡು ಗಂಟೆಯ ಮತ್ತು ನಾಲ್ಕು ಗಂಟೆಯ ಅಲಾರಾಂ ಗಂಡನ ಮೊಬೈಲಿಗೆ ಹೋಯಿತು. ನಿದ್ದೆ ಬಂದ ಮೇಲೆ ಸಿಡುಕು ಎಷ್ಟೋ ಕಡಿಮೆಯಾಯಿತು. ಅದರಲ್ಲಿ ಹಾಲಿನ ಪಾಲೆಷ್ಟು, ಅಲಾರಾಂ ಪಾಲೆಷ್ಟು ಎಂದು ನಾನು ಭಾಗ ಮಾಡಲಾರೆ.

ಆರನೆಯ ಭೇಟಿಗೆ ಅವರು ನಗುತ್ತಲೇ ಒಳಗೆ ಬಂದರು. "ನಿನ್ನೆ ಹಾಲು ಪೂರ್ತಿ ಉಕ್ಕಿಹೋಯಿತು ಮೇಡಂ. ಮೈದುನನಿಗೆ ಫೋನಿನಲ್ಲಿ ಹೇಳಬೇಕಾದದ್ದನ್ನೆಲ್ಲ ಹೇಳುತ್ತಿದ್ದೆ." ಹದಿನೈದು ದಿನ ಅಮ್ಮನನ್ನು ತಮ್ಮಲ್ಲಿಗೆ ಕರೆದೊಯ್ಯಲು ಮುಂದಿನ ಭಾನುವಾರ ಅವನು ಕಾರು ತರುತ್ತಾನಂತೆ. ಒಲೆ ಒರೆಸಿದವರು ಯಾರು ಎಂದು ಕೇಳಿದೆ. "ಅವರೇ," ಎಂದು ಹೊರಗೆ ಕುಳಿತಿದ್ದ ಗಂಡನ ಕಡೆ ಕೈ ತೋರಿಸಿದರು.