ನಡುರಸ್ತೇಲಿ ಕಂಬ ಯಾಕೆ?

ಪ್ರಶ್ನೆ: ಸರ್, ಪ್ಯಾರಿಸ್, ವಾಷಿಂಗ್ಟನ್ ಥರದ ಸಿಟಿಗಳ ಫೋಟೋ ನೋಡಿದ್ರೆ ಗೆರೆ ಎಳೆದ ಹಾಗೆ ರಸ್ತೆ, ಅದರ ನಡುವೆಯೋ ತುದೀಲೋ ಒಂದು ಕಮಾನು, ಇಲ್ಲ ಕಲ್ಲಿನ ಕಂಬ. ಇದರಲ್ಲಿ ರಹಸ್ಯ ಸಂಕೇತ ಇದೆ ಅಂತ ವಿಡಿಯೋ ಮಾಡೋರೂ ಇದ್ದಾರೆ. ನಿಜಾನಾ, ಬರೀ ಶೋಕಿನಾ?

ಉತ್ತರ: ಅರ್ಥ ಖಂಡಿತ ಇದೆ, ರಹಸ್ಯ ಮಾತ್ರ ಇಲ್ಲ, ಎಲ್ಲರ ಕಣ್ಣಿಗೂ ಬೀಳ್ಲಿ ಅಂತಾನೇ ನಿಲ್ಲಿಸಿರೋದು. ನೇರ ರಸ್ತೇಲಿ ನಡೀತಾ ಇದ್ರೆ ಕಣ್ಣು ತಾನಾಗೇ ತುದಿಗೆ ಹೋಗುತ್ತಲ್ವಾ, ಅಲ್ಲಿ ಏನು ಕಾಣಬೇಕು ಅಂತ ತೀರ್ಮಾನ ಮಾಡೋದು ಅಧಿಕಾರ ಇರೋರು. ನನ್ನ ಕೇಳಿದ್ರೆ ಕಲ್ಲಿಗಿಂತ ಅದು ನಿಂತ ಜಾಗಕ್ಕೇ ತೂಕ ಜಾಸ್ತಿ.

ಪ್ಯಾರಿಸ್‌ನ ಕಾಂಕಾರ್ಡ್ ಚೌಕಾನೇ ನೋಡಿ. ಮೊದಲು ಅಲ್ಲಿ ಕುದುರೆ ಏರಿದ ಫ್ರಾನ್ಸ್ ರಾಜ 15ನೇ ಲೂಯಿ ಪ್ರತಿಮೆ ಇತ್ತು, ಚೌಕಕ್ಕೂ ಅವನದೇ ಹೆಸರು. 1792ರಲ್ಲಿ ಪ್ರತಿಮೆ ಉರುಳಿಸಿ ಕ್ರಾಂತಿ ಚೌಕ ಅಂತ ಹೆಸರಿಟ್ರು, ಮುಂದಿನ ವರ್ಷ ಅದೇ ಚೌಕದಲ್ಲಿ 16ನೇ ಲೂಯಿ ತಲೆ ಗಿಲೊಟಿನ್‌ಗೆ, ಅಂದ್ರೆ ತಲೆ ಕಡಿಯೋ ಯಂತ್ರಕ್ಕೆ, ಹೋಯ್ತು. ಇಂಥ ಜಾಗದಲ್ಲಿ ಇನ್ಯಾರನ್ನ ನಿಲ್ಲಿಸಿದ್ರೂ ಒಬ್ಬರಿಗಲ್ಲ ಒಬ್ಬರಿಗೆ ಹೊಟ್ಟೆ ಉರಿಯೋದೇ. 1836ರಲ್ಲಿ ಲೂಯಿ ಫಿಲಿಪ್ ರಾಜ ಆಗಿದ್ದಾಗ ಈಜಿಪ್ಟಿನ ಲಕ್ಸರ್ ದೇವಸ್ಥಾನದಿಂದ ಬಂದಿದ್ದ 3,000 ವರ್ಷಕ್ಕೂ ಹಳೇ ಕಂಬಾನ ಅಲ್ಲಿ ಎತ್ತಿ ನಿಲ್ಲಿಸಿದ್ರು, ಸುಮಾರು 23 ಮೀಟರ್ ಎತ್ತರ. ಆ ಕಂಬ ಮಾಡಿಸಿದ ಈಜಿಪ್ಟಿನ ಹಳೇ ರಾಜ ಎರಡನೇ ರಾಮ್ಸೆಸ್ ಪರವಾಗಿ, ಇಲ್ಲ ವಿರುದ್ಧವಾಗಿ, ಪ್ಯಾರಿಸ್‌ನಲ್ಲಿ ಜಗಳಕ್ಕೆ ನಿಲ್ಲೋರು ಯಾರು ಹೇಳಿ! (ಲಕ್ಸರ್‌ನಲ್ಲಿ ಅದರ ಜೋಡಿ ಕಂಬ ಇನ್ನೂ ಒಂಟಿಯಾಗಿ ನಿಂತಿದೆ, ಅದು ಬೇರೆ ಮಾತು.)

ಅಲ್ಲಿಂದ ನೇರಕ್ಕೆ ನೆಪೋಲಿಯನ್ ಶುರು ಮಾಡಿಸಿದ ವಿಜಯ ಕಮಾನು, ಇನ್ನೂ ಮುಂದೆ 1989ರ ಗ್ರಾಂಡ್ ಆರ್ಚ್ ಅನ್ನೋ ಕಮಾನಿನ ಆಕಾರದ ದೊಡ್ಡ ಕಟ್ಟಡ. ಈ ಗ್ರಾಂಡ್ ಆರ್ಚ್ ಗೆರೆಗೆ ಸರಿಯಾಗಿ ಮುಖ ಮಾಡಿಲ್ಲ, ಒಂದಾರು ಡಿಗ್ರಿ ವಾರೆ. ವಿಡಿಯೋದವರಿಗೆ ಇಷ್ಟು ಸಾಕು ಬಿಡಿ, ಆದ್ರೆ ಕೆಳಗಡೆ ರೈಲು, ರಸ್ತೆ ಸುರಂಗ ಇರೋದ್ರಿಂದ ಪಾಯ ಹಾಕೋಕೆ ಜಾಗ ಹುಡುಕಿ ಹಾಗೆ ತಿರುಗಿಸಿದ್ದು.

ವಾಷಿಂಗ್ಟನ್ ಕಥೇನೂ ಅದೇ. 1791ರಲ್ಲಿ ಫ್ರಾನ್ಸ್ ಮೂಲದ ಎಂಜಿನಿಯರ್ ಲಾಂಫಾ ಈ ಊರಿಗೆ ಹಾಕಿದ ಪ್ಲಾನ್‌ನಲ್ಲಿ ಸಂಸತ್ತಿನಿಂದ ಬರೋ ಗೆರೆ, ಅಧ್ಯಕ್ಷರ ಮನೆಯಿಂದ ಬರೋ ಗೆರೆ ಎರಡೂ ಕೂಡೋ ಕಡೆ ಜಾರ್ಜ್ ವಾಷಿಂಗ್ಟನ್ ಸ್ಮಾರಕ ಬರಬೇಕಿತ್ತು, ಅಂದ್ರೆ ಎರಡೂ ಕಡೆಯವರ ಕಣ್ಣೆದುರಿಗೂ ಅವರೇ. ಅಲ್ಲಿ ಮಣ್ಣು ಮೆತ್ತಗಿದೆ ಅಂತ ಕಂಬ ಸ್ವಲ್ಪ ಪಕ್ಕಕ್ಕೆ ಸರೀತು. 1848ರಲ್ಲಿ ಶುರುವಾದ ಕೆಲಸ ದುಡ್ಡಿಲ್ಲದೆ ವರ್ಷಗಟ್ಟಲೆ ನಿಂತು, ಮುಗಿದಿದ್ದು 1884ಕ್ಕೆ. ಆಮೇಲೆ ಬೇರೆ ಕಡೆಯಿಂದ ಕಲ್ಲು ತಂದ್ರಲ್ಲ, ಮುಂದಿನ ಸಲ ಫೋಟೋ ಸಿಕ್ಕಿದ್ರೆ ಜೂಮ್ ಮಾಡಿ ನೋಡಿ, ಕೆಳಗಿನ ಕಾಲು ಭಾಗದಷ್ಟರ ಬಣ್ಣಾನೇ ಬೇರೆ.