ಚಾಲಿ ಸುಲಿದ ರಾತ್ರಿ ಕೆರಳಿದ ಉಬ್ಬಸದ ಬಗ್ಗೆ

ನಮಸ್ಕಾರ. ಇಡೀ ದಿನ ಚಾಲಿ (ಸಿಪ್ಪೆ ಸಮೇತ ಒಣಗಿಸಿದ ಅಡಿಕೆ) ಸುಲಿದ ರಾತ್ರಿ ಅಣ್ಣನಿಗೆ ಉಬ್ಬಸ ಕೆರಳಿತು, ಬಿಸಿನೀರು ಕುಡಿಸಿ, ಆವಿ ಹಿಡಿಸಿ ಮಲಗಿಸಿದೆವು, ಕೊನೆಗೆ ಬೆಳಗಿನ ಜಾವ ಆಸ್ಪತ್ರೆಗೆ ಓಡಬೇಕಾಯಿತು, ಮನೆಯಲ್ಲಿ ಬೇರೆ ಏನು ಮಾಡಬಹುದಿತ್ತು, ಪಂಪ್ (ಇನ್‌ಹೇಲರ್) ಚಟ ಆಗುತ್ತಂತೆ ಹೌದಾ ಅಂತ ಕೇಳಿದ್ದೀರಿ. ಶುಂಠಿ ಕಷಾಯ, ಎದೆಗೆ ಬಿಸಿ ಎಣ್ಣೆ ಅಂತ ಆಗಲೇ ಬೇಕಾದಷ್ಟು ಉತ್ತರ ಬಂದಿದೆ. ನಾನು ಡಾಕ್ಟರಲ್ಲ, ನಿಮ್ಮ ಹಾಗೇ ಅಡಿಕೆ ಬೆಳೆಗಾರ. ಆದರೆ ಮೂವತ್ತು ವರ್ಷದಿಂದ ಈ ಕಾಯಿಲೆ ಜೊತೆಗೇ ಬಾಳುತ್ತಿದ್ದೇನೆ. ಸ್ವಲ್ಪ ಉದ್ದ ಆಗುತ್ತೆ, ಸಹಿಸಿಕೊಳ್ಳಿ.

ನೀವು ಬರೆದದ್ದರಲ್ಲಿ ನನಗೆ ಹೆದರಿಕೆ ಆದದ್ದು ಒಂದೇ ಸಾಲಿಗೆ. "ಮೂರು ಗಂಟೆ ಹೊತ್ತಿಗೆ ಸುಂಯ್ ಶಬ್ದ ನಿಂತಿತು, ಕಡಿಮೆ ಆಯ್ತು ಅಂದುಕೊಂಡೆವು." ಎದೆಯಲ್ಲಿ ಸಿಳ್ಳೆ ಕೇಳಬೇಕಾದರೆ ಗಾಳಿ ಓಡಾಡುತ್ತಿರಬೇಕು ಅಲ್ವಾ? ಶಬ್ದ ನಿಂತ ಮೇಲೆ ಮನುಷ್ಯ ಹಾಯಾಗಿ ಮಾತಾಡುತ್ತಿದ್ದರೆ ಸರಿ, ಇಳಿದಿದೆ. ಶಬ್ದ ಇಲ್ಲ, ಆದರೆ ಒದ್ದಾಟ ಹಾಗೇ ಇದೆ, ಅಥವಾ ಕಣ್ಣು ಎಳೆಯುತ್ತಿದೆ, ಕೇಳಿದ್ದಕ್ಕೆ ತೊದಲುತ್ತಾನೆ ಅಂದರೆ ಒಳಗೆ ಗಾಳಿಯೇ ಹೋಗುತ್ತಿಲ್ಲ. ಅದು ಸುಧಾರಿಸಿದ್ದಲ್ಲ, ಸೋತದ್ದು. ತುಟಿ, ಉಗುರು ನೀಲಿಯಾಗುವುದನ್ನು ಕಾಯಲೇಬಾರದು, ಅಷ್ಟೊತ್ತಿಗೆ ತುಂಬಾ ತಡ.

ಹಾಗಾದರೆ ಎಷ್ಟು ಜೋರಾಗಿದೆ ಅಂತ ತಿಳಿಯುವುದು ಹೇಗೆ? ನಮ್ಮ ಮನೆಯಲ್ಲಿ ಇದಕ್ಕೆ ಒಂದು ಪ್ರಶ್ನೆ ಇದೆ. ರಾತ್ರಿ ನಾನು ಎದ್ದು ಕೂತರೆ ನನ್ನ ಹೆಂಡತಿ "ಇವತ್ತು ಸುಲಿಯೋಕೆ ಯಾರ್ಯಾರು ಬಂದಿದ್ರು ಹೇಳಿ" ಅನ್ನುತ್ತಾಳೆ. ಐದಾರು ಹೆಸರು ಒಂದೇ ಉಸಿರಿಗೆ ಬಂದರೆ ಪಂಪ್ ಕೈಗೆ ಕೊಟ್ಟು ಪಕ್ಕದಲ್ಲೇ ಕೂರುತ್ತಾಳೆ. ಎರಡು ಹೆಸರಿಗೊಮ್ಮೆ ಉಸಿರು ಎಳೆದುಕೊಂಡರೆ ಜೀಪಿನ ಕೀ ಹುಡುಕುತ್ತಾಳೆ. ಡಾಕ್ಟರುಗಳು ನೋಡುವುದೂ ಹೆಚ್ಚುಕಡಿಮೆ ಇದನ್ನೇ. ಪೂರ್ತಿ ವಾಕ್ಯ ಬರುತ್ತಾ, ಬಿಡಿ ಬಿಡಿ ಮಾತು ಬರುತ್ತಾ ಅಂತ. ಜೊತೆಗೆ ಕೈ ಊರಿ ಮುಂದಕ್ಕೆ ಬಾಗಿ ಕೂರುವುದು, ಉಸಿರಿಗೊಮ್ಮೆ ಕುತ್ತಿಗೆಯ ನರ ಎದ್ದು ಗಂಟಲಗುಳಿ ಒಳಕ್ಕೆ ಸೆಳೆಯುವುದು, ನಿಮಿಷಕ್ಕೆ 30ಕ್ಕಿಂತ ಜಾಸ್ತಿ ಉಸಿರು, 120 ದಾಟಿದ ನಾಡಿ, ಇವೆಲ್ಲ ಜೋರು ದಾಳಿಯ ಗುರುತು.

ಕೊರೊನಾ ಕಾಲದಲ್ಲಿ ತಂದ, ಬೆರಳಿಗೆ ಸಿಕ್ಕಿಸಿ ರಕ್ತದ ಆಮ್ಲಜನಕ ನೋಡುವ ಆಕ್ಸಿಮೀಟರ್ ಕಪಾಟಿನಲ್ಲಿದ್ದರೆ ಹೊಸ ಸೆಲ್ ಹಾಕಿ ಇಟ್ಟುಕೊಳ್ಳಿ. 92ಕ್ಕಿಂತ ಕೆಳಗೆ ಬಂದರೆ ಮಾತೇ ಇಲ್ಲ, ಹೊರಡುವುದೇ. ಆದರೆ 96 ಇದೆ ಅಂತ ನೆಮ್ಮದಿಯಾಗಿ ಮಲಗಬೇಡಿ. ದೇಹ ಕಷ್ಟಪಟ್ಟು ಉಸಿರೆಳೆದು ಆ ಅಂಕಿಯನ್ನು ತುಂಬಾ ಹೊತ್ತು ಹಿಡಿದಿಟ್ಟುಕೊಳ್ಳುತ್ತೆ, ಆಮೇಲೆ ಒಮ್ಮೆಗೇ ಬೀಳುತ್ತೆ. ನಾನು ಯಂತ್ರಕ್ಕಿಂತ ಆ ಹೆಸರಿನ ಪರೀಕ್ಷೆಯನ್ನೇ ಜಾಸ್ತಿ ನಂಬುತ್ತೇನೆ.

ಈಗ ಮಾಡುವ ಕೆಲಸ. ಮಲಗಿಸಬೇಡಿ. ನೇರ ಕೂರಿಸಿ, ಬಟ್ಟೆ ಸಡಿಲ ಮಾಡಿ, ಧೂಳು ಹೊಗೆಯಿಂದ ದೂರ ತನ್ನಿ. ಆವಿ ಬೇಡ, ಕುಗ್ಗಿದ ಶ್ವಾಸನಾಳವನ್ನು ಅದು ಬಿಡಿಸುವುದಿಲ್ಲ, ಗಾಬರಿಯಲ್ಲಿ ಪಾತ್ರೆ ಮಗುಚಿ ತೊಡೆ ಸುಟ್ಟುಕೊಂಡವರನ್ನು ನೋಡಿದ್ದೇನೆ. ಬೇಕಾದ್ದು ಸಾಲ್ಬುಟಮಾಲ್ ಪಂಪ್, ನಮ್ಮ ಕಡೆ ಮೆಡಿಕಲ್ ಶಾಪಿನಲ್ಲಿ ಅಸ್ತಾಲಿನ್ ಅಂತ ಸಿಗುವುದು. ಚೆನ್ನಾಗಿ ಅಲುಗಾಡಿಸಿ ಸ್ಪೇಸರ್‌ಗೆ (ಪಂಪಿಗೂ ಬಾಯಿಗೂ ನಡುವೆ ಹಿಡಿಯುವ ಟೊಳ್ಳು ಡಬ್ಬಿ) ಸಿಕ್ಕಿಸಿ, ಒಂದು ಸಲ ಒತ್ತಿ, ನಾಲ್ಕು ಉಸಿರು ಎಳೆಯಲಿ. ಮತ್ತೆ ಅಲುಗಾಡಿಸಿ ಇನ್ನೊಂದು. ಹೀಗೆ ನಾಲ್ಕು. ನಾಲ್ಕು ನಿಮಿಷ ನೋಡಿ, ಇಳಿಯದಿದ್ದರೆ ಮತ್ತೆ ನಾಲ್ಕು. ಆಗಲೂ ಇಳಿಯದಿದ್ದರೆ 108ಕ್ಕೆ ಫೋನ್ ಮಾಡಿ ಅಥವಾ ಇರುವ ಗಾಡಿಯಲ್ಲಿ ಹೊರಡಿ, ದಾರಿಯಲ್ಲೂ ನಾಲ್ಕು ನಿಮಿಷಕ್ಕೊಮ್ಮೆ ನಾಲ್ಕರಂತೆ ಕೊಡುತ್ತಾ ಹೋಗಿ. ಆಸ್ಟ್ರೇಲಿಯಾದಲ್ಲಿ ಪ್ರಥಮ ಚಿಕಿತ್ಸೆಗೆ ಇದೇ ನಾಲ್ಕರ ಲೆಕ್ಕ ಕಲಿಸುತ್ತಾರೆ, ಗಾಬರಿಯಲ್ಲೂ ನೆನಪಿರುತ್ತೆ. ಕೈ ನಡುಗುತ್ತೆ, ಎದೆ ಹೊಡೆದುಕೊಳ್ಳುತ್ತೆ, ಹೆದರಬೇಡಿ, ಸ್ವಲ್ಪ ಹೊತ್ತಿಗೆ ಹೋಗುತ್ತೆ.

ಎಲ್ಲವನ್ನೂ ಒಟ್ಟಿಗೆ ಪುಸ್ ಪುಸ್ ಅಂತ ಬಾಯಿಗೆ ಹೊಡೆದುಕೊಂಡರೆ ಅರ್ಧ ಔಷಧ ಗಂಟಲಿಗೆ ಅಂಟಿ ಹೋಗುತ್ತೆ. ಸ್ಪೇಸರ್ ಇಲ್ಲವಾ? ಅರ್ಧ ಲೀಟರ್ ಪ್ಲಾಸ್ಟಿಕ್ ಬಾಟಲಿಯ ತಳದಲ್ಲಿ ಪಂಪಿನ ಬಾಯಿ ಬಿಗಿಯಾಗಿ ಕೂರುವಷ್ಟು ತೂತು ಮಾಡಿ, ಬಾಟಲಿಯ ಬಾಯಿಂದ ಎಳೆಯಿರಿ. ಇದು ನನ್ನ ತಲೆಯಿಂದ ಬಂದದ್ದಲ್ಲ. ಕೇಪ್‌ಟೌನ್‌ನ ಮಕ್ಕಳ ವೈದ್ಯರು ಇಂಥದ್ದೇ ಬಾಟಲಿಯನ್ನು ಅಂಗಡಿಯ ಸ್ಪೇಸರ್ ಜೊತೆ ಹೋಲಿಸಿ ನೋಡಿ, ಅಷ್ಟೇ ಚೆನ್ನಾಗಿ ಕೆಲಸ ಮಾಡುತ್ತೆ ಅಂತ 1999ರಲ್ಲೇ ಬರೆದಿದ್ದಾರೆ. ಕ್ಯಾಪ್ಸೂಲ್ ಹಾಕಿ ತಿರುಗಿಸಿ ಪುಡಿ ಎಳೆಯುವ ರೋಟಾಹೇಲರ್ ಇರುವವರು ಒಂದು ಗಮನಿಸಿ. ಅದಕ್ಕೆ ನಾವೇ ಜೋರಾಗಿ ಎಳೆಯಬೇಕು, ದಾಳಿ ಜೋರಾದಾಗ ಆ ಶಕ್ತಿಯೇ ಇರುವುದಿಲ್ಲ. ತುರ್ತಿಗೆ ಅಂತ ಒತ್ತುವ ಪಂಪ್ ಒಂದು ಇರಲಿ.

ಆ ಪಂಪ್ ಖಾಲಿ ಆಗಿದೆಯಾ ಅಂತಲೂ ಗೊತ್ತಿರಬೇಕು! ಕೆಲವು ವರ್ಷದ ಹಿಂದೆ ಕೊಯ್ಲಿನ ಹೊತ್ತಲ್ಲಿ ನಾನು ರಾತ್ರಿ ಎರಡು ಗಂಟೆಗೆ ಹತ್ತು ಹನ್ನೆರಡು ಸಲ ಒತ್ತಿದೆ. ಪುಸ್ ಅನ್ನುತ್ತಲೇ ಇತ್ತು, ಆದರೆ ಒಳಗೆ ಬರುತ್ತಿದ್ದದ್ದು ಬರೀ ಗಾಳಿ. 200 ಸಲದ ಔಷಧ ಯಾವತ್ತೋ ಮುಗಿದಿತ್ತು. ನೀರಿನಲ್ಲಿ ತೇಲುತ್ತಾ ನೋಡುವ ಪರೀಕ್ಷೆಯನ್ನೂ ನಂಬಬೇಡಿ. ಎಣಿಕೆ ತೋರಿಸುವ ಪಂಪ್ ಕೇಳಿ ತನ್ನಿ. ಸಿಗದಿದ್ದರೆ ಶುರು ಮಾಡಿದ ತಾರೀಕನ್ನು ಮಾರ್ಕರ್‌ನಲ್ಲಿ ಡಬ್ಬಿ ಮೇಲೆ ಬರೆದು, ಇನ್ನೊಂದು ತುಂಬಿದ್ದು ಮನೆಯಲ್ಲಿ ಇಡಿ. ಆವತ್ತು ಪಕ್ಕದ ಮನೆಯ ಹುಡುಗನ ಪಂಪ್ ಇಲ್ಲದಿದ್ದರೆ ಈ ಉತ್ತರ ಬರೆಯಲು ನಾನು ಇರುತ್ತಿರಲಿಲ್ಲ.

ಹೊರಡುವ ಹೊತ್ತಿನ ಬಗ್ಗೆ ನಮ್ಮಂಥ ಹಳ್ಳಿಯವರಿಗೆ ಬೇರೆಯೇ ಲೆಕ್ಕ ಬೇಕು. ಪೇಟೆಯವರಿಗೆ ಆಸ್ಪತ್ರೆ ಹತ್ತು ನಿಮಿಷ. ನನಗೆ ಸಿರ್ಸಿ ಒಂದು ಗಂಟೆಗೂ ಮೇಲೆ, ಮಳೆಗಾಲದಲ್ಲಿ ಮರ ಬಿದ್ದರೆ ದೇವರೇ ಗತಿ. ಉಬ್ಬಸ ಸಾಮಾನ್ಯವಾಗಿ ಬೆಳಗಿನ ಜಾವವೇ ಜಾಸ್ತಿ ಕೆರಳುವುದು. ಹಾಗಾಗಿ ರಾತ್ರಿ ಹತ್ತಕ್ಕೆ ಪಂಪ್ ತೆಗೆದುಕೊಂಡು, ಅಲ್ಲಿಂದ ನಾಲ್ಕು ತಾಸಿನೊಳಗೆ ಮತ್ತೆ ಬೇಕು ಅನಿಸಿದರೆ ನಾನು ಬೆಳಗಾಗಲಿ ಅಂತ ಕಾಯುವುದಿಲ್ಲ. ಮಾತಾಡಲು ಆಗುತ್ತಿರುವಾಗಲೇ ಗಾಡಿ ಹತ್ತುತ್ತೇನೆ. ಸುಮ್ನೆ ಹೋಗಿ ಬಂದಂತಾಯ್ತು ಅಂತ ಎಷ್ಟೋ ಸಲ ಬೈಸಿಕೊಂಡಿದ್ದೇನೆ, ಪರವಾಗಿಲ್ಲ.

ಆಸ್ಪತ್ರೆಯಲ್ಲಿ ಆಕ್ಸಿಜನ್, ನೆಬುಲೈಸರ್ (ಔಷಧವನ್ನು ಮಂಜಿನಂತೆ ಮಾಡಿ ಉಸಿರಿಗೆ ಕೊಡುವ ಯಂತ್ರ), ಜೊತೆಗೆ ಸ್ಟಿರಾಯ್ಡ್ ಕೊಡುತ್ತಾರೆ. ಸ್ಟಿರಾಯ್ಡ್ ಹೆಸರು ಕೇಳಿ ಓಡಬೇಡಿ. ಪಂಪ್ ನಾಳದ ಬಿಗಿತ ಬಿಡಿಸುತ್ತೆ ಅಷ್ಟೆ, ಒಳಗಿನ ಊತ ಇಳಿಸುವುದು ಸ್ಟಿರಾಯ್ಡ್, ಅದು ಕೆಲಸ ಶುರು ಮಾಡಲು ಕೆಲವು ಗಂಟೆ ಬೇಕು. ದೊಡ್ಡವರಿಗೆ ಸಾಮಾನ್ಯವಾಗಿ 5ರಿಂದ 7 ದಿನ ಬರೆಯುತ್ತಾರೆ. ಎರಡನೇ ದಿನ ಆರಾಮಾಯಿತು ಅಂತ ಬಿಟ್ಟು ಮತ್ತೆ ಸುಲಿಯಲು ಕೂತರೆ ದಾಳಿ ವಾಪಸ್ ಬರುತ್ತೆ.

ಚಟದ ಪ್ರಶ್ನೆಗೆ: ಚಟ ಆಗುವುದಿಲ್ಲ. ಆದರೆ ವರ್ಷಕ್ಕೆ ಮೂರು ಅಥವಾ ಅದಕ್ಕಿಂತ ಜಾಸ್ತಿ ಡಬ್ಬಿ ಖಾಲಿ ಆಗುತ್ತಿದ್ದರೆ ದೊಡ್ಡ ದಾಳಿಯ ಅಪಾಯ ಜಾಸ್ತಿ, ತಿಂಗಳಿಗೊಂದು ಖಾಲಿ ಆಗುತ್ತಿದ್ದರೆ ಜೀವಕ್ಕೇ ಅಪಾಯ ಅಂತ ತಜ್ಞರು ಹೇಳುತ್ತಾರೆ. ತಪ್ಪು ಪಂಪಿನದ್ದಲ್ಲ, ಮೂಲ ಕಾಯಿಲೆಗೆ ಔಷಧ ಆಗುತ್ತಿಲ್ಲ ಅಂತ. 2019ರಿಂದ ಅಂತಾರಾಷ್ಟ್ರೀಯ ಮಾರ್ಗಸೂಚಿಯಲ್ಲೂ ದೊಡ್ಡವರಿಗೆ ಬರೀ ಸಾಲ್ಬುಟಮಾಲ್ ಸಾಲದು, ಎಳೆಯುವ ಸ್ಟಿರಾಯ್ಡ್ ಬೇಕೇ ಬೇಕು ಅಂತ ಇದೆ. ನನಗೆ ಈಗ ಬುಡೆಸೊನೈಡ್ (ಎಳೆಯುವ ಸ್ಟಿರಾಯ್ಡ್), ಫಾರ್ಮೊಟೆರಾಲ್ (ನಾಳ ಬಿಡಿಸುವ ಔಷಧ) ಎರಡೂ ಇರುವ ಪಂಪ್ ಇದೆ. ಎಳೆದ ಮೇಲೆ ಬಾಯಿ ಮುಕ್ಕಳಿಸಬೇಕು, ಇಲ್ಲದಿದ್ದರೆ ನಾಲಿಗೆಯಲ್ಲಿ ಬಿಳಿ ಅಗ್ರ.

ಎರಡು ಎಚ್ಚರಿಕೆ. ಕೊನೆಕೊಯ್ಲಿನ ಮೈಕೈ ನೋವಿಗೆ ಆಸ್ಪಿರಿನ್, ಡೈಕ್ಲೋಫೆನಾಕ್, ಬ್ರೂಫೆನ್ ನುಂಗಿದರೆ ಕೆಲವರಿಗೆ ಅದರಿಂದಲೇ ಉಬ್ಬಸ ಬರುತ್ತೆ. ನಿಮ್ಮಣ್ಣ ಆವತ್ತು ನೋವಿನ ಮಾತ್ರೆ ತೆಗೆದುಕೊಂಡಿದ್ದರಾ ಕೇಳಿ. ಇನ್ನೊಂದು, ಕಡಜವೋ ಹೆಜ್ಜೇನೋ ಕಚ್ಚಿ ಮೈಯೆಲ್ಲ ದದ್ದು ಎದ್ದು ಉಸಿರು ಕಟ್ಟಿದರೆ ಅದು ಬೇರೆ ಕಥೆ, ಅಲ್ಲಿ ಪಂಪ್ ಸಾಲದು, ಅಡ್ರಿನಲಿನ್ ಇಂಜೆಕ್ಷನ್ ಬೇಕು.

ಧೂಳಿಗೆ ನಾನು ಮಾಡಿಕೊಂಡದ್ದು ಇಷ್ಟು. ಸುಲಿಯುವ ಯಂತ್ರ ಜಗಲಿಯಿಂದ ಅಂಗಳದ ತುದಿಗೆ ಹೋಯಿತು, ಗಾಳಿ ಬೆನ್ನ ಹಿಂದಿನಿಂದ ಬರುವಂತೆ. ಮೂಗಿಗೆ ಟವಲ್ ಬದಲು ಎನ್-95. ಬೂಸ್ಟು ಹಿಡಿದ ಹುಲ್ಲು ಮುಟ್ಟುವುದೇ ಇಲ್ಲ, ತಮ್ಮ ಹಾಕುತ್ತಾನೆ.

ಅಣ್ಣನಿಗೆ ಕೊಟ್ಟ ಡಿಸ್ಚಾರ್ಜ್ ಚೀಟಿಯಲ್ಲಿ ದಿನಾ ಎಳೆಯುವ ಪಂಪ್ ಬರೆದಿದ್ದಾರಾ, ಬರೀ ತುರ್ತಿನದ್ದಾ ನೋಡಿ. ಬರೆದಿಲ್ಲದಿದ್ದರೆ ಚಾಲಿ ಮುಗಿಯಲಿ ಅಂತ ಕಾಯದೆ ಈ ವಾರವೇ ಡಾಕ್ಟರ ಹತ್ತಿರ ಮತ್ತೆ ಕರೆದುಕೊಂಡು ಹೋಗಿ, ಈಗ ಇರುವ ಪಂಪನ್ನೂ ಕೈಯಲ್ಲೇ ಹಿಡಿದುಕೊಂಡು ಹೋಗಿ, ಹೇಗೆ ಎಳೆಯುತ್ತಾರೆ ಅಂತ ಅವರ ಮುಂದೆಯೇ ಮಾಡಿ ತೋರಿಸಲಿ.