ನವಾಹೊ ನೆಲದ ಸಂಪತ್ತು ಯಾರ ಪಾಲಾಯಿತು?

ಧಾರವಾಡದ ಓದುಗರೊಬ್ಬರು ಅಮೆರಿಕದ ಮೂಲನಿವಾಸಿಗಳಾದ ನವಾಹೊ ಜನರ ಬಡತನದ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಲೇಖನವನ್ನು ಓದಿ ಕೇಳಿದ್ದಾರೆ: ‘ಕಲ್ಲಿದ್ದಲು, ಯುರೇನಿಯಂ ಎರಡೂ ಇರುವ ನೆಲ. ಮೇಲಾಗಿ ಅಮೆರಿಕ. ಆದರೂ ಬಡವರೆಂದರೆ ತಪ್ಪು ಅವರದೇ ಅಲ್ಲವೇ?’

ಅಲ್ಲ. ಸ್ವಲ್ಪ ಖಾರವಾಗಿಯೇ ಹೇಳುತ್ತೇನೆ, ಬೇಸರಿಸಬೇಡಿ.

ಅರಿಜೋನಾದ ಪೇಜ್ ಪಟ್ಟಣದ ಬಳಿ, ನವಾಹೊ ನೆಲದಲ್ಲೇ, 2,250 ಮೆಗಾವಾಟ್‌ನ ಉಷ್ಣವಿದ್ಯುತ್ ಸ್ಥಾವರವಿತ್ತು. ಕೆಯೆಂಟಾ ಗಣಿಯ ಕಲ್ಲಿದ್ದಲು ರೈಲಿನಲ್ಲಿ ಅಲ್ಲಿಗೆ ಹೋಗುತ್ತಿತ್ತು. ಆ ವಿದ್ಯುತ್ ಕೊಲೊರಾಡೊ ನದಿಯ ನೀರನ್ನು ಮೇಲೆತ್ತಿ ಫೀನಿಕ್ಸ್, ಟೂಸಾನ್ ನಗರಗಳಿಗೆ ತಲುಪಿಸುತ್ತಿತ್ತು. ತಂತಿಗಳು ಹಾದುಹೋದ ಊರುಗಳಲ್ಲೇ ಸೀಮೆಎಣ್ಣೆ ದೀಪದ ಮನೆಗಳಿದ್ದವು. ಇಂದಿಗೂ ಸುಮಾರು ಮೂರರಲ್ಲಿ ಒಂದು ಮನೆಗೆ ನಲ್ಲಿಯಿಲ್ಲ. ಪಿಕಪ್ ಗಾಡಿಯಲ್ಲಿ ಬ್ಯಾರೆಲ್ ಇಟ್ಟುಕೊಂಡು ಮೈಲಿಗಟ್ಟಲೆ ಹೋಗಿ ನೀರು ತರುತ್ತಾರೆ. ಅಡುಗೆ, ಸ್ನಾನ, ಕುರಿಗಳ ಬಾಯಾರಿಕೆ ಎಲ್ಲವೂ ಅದರಲ್ಲೇ ಮುಗಿಯಬೇಕು. 2019ರಲ್ಲಿ ಗಣಿ, ಸ್ಥಾವರ ಎರಡೂ ಮುಚ್ಚಿದವು. ಹೊಗೆ ನಿಂತಿತು, ಅದರೊಂದಿಗೆ ನೂರಾರು ಮನೆಗಳ ಸಂಬಳವೂ ನಿಂತಿತು.

ಯುರೇನಿಯಂ ಕಥೆ ಇನ್ನೂ ಕಹಿ. ನವಾಹೊ ಭಾಷೆಯಲ್ಲಿ ಅದಕ್ಕೆ ‘ಲೀಟ್ಸೊ’, ಅಂದರೆ ಹಳದಿ ಮಣ್ಣು ಎನ್ನುತ್ತಾರೆ. 1944ರಿಂದ 1986ರವರೆಗೆ ಸುಮಾರು 3 ಕೋಟಿ ಟನ್ ಅದಿರನ್ನು ಅಗೆದು ಒಯ್ದವರು 500ಕ್ಕೂ ಹೆಚ್ಚು ಗಣಿಗಳನ್ನು ಹಾಗೆಯೇ ಬಿಟ್ಟುಹೋದರು. ಗಂಡಸರು ಮೈತುಂಬ ಧೂಳು ಮೆತ್ತಿಕೊಂಡು ಮನೆಗೆ ಬರುತ್ತಿದ್ದರು. ಹೆಂಗಸರು ಆ ಬಟ್ಟೆಗಳನ್ನು ಕೈಯಾರೆ ಒಗೆಯುತ್ತಿದ್ದರು. ಗಣಿಯ ಕಲ್ಲಿನಿಂದಲೇ ಮನೆ ಕಟ್ಟಿಕೊಂಡವರೂ ಇದ್ದರು. ಅಪಾಯವನ್ನು ವರ್ಷಗಟ್ಟಲೆ ಅವರಿಗೆ ತಿಳಿಸಲೇ ಇಲ್ಲ. 1979ರ ಜುಲೈ 16ರಂದು ನ್ಯೂ ಮೆಕ್ಸಿಕೊ ರಾಜ್ಯದ ಚರ್ಚ್ ರಾಕ್‌ನಲ್ಲಿ ಯುರೇನಿಯಂ ತ್ಯಾಜ್ಯದ ಒಡ್ಡು ಒಡೆದು 9.4 ಕೋಟಿ ಗ್ಯಾಲನ್ ವಿಕಿರಣಯುಕ್ತ ನೀರು ಪ್ವೆರ್ಕೊ ನದಿಗೆ ನುಗ್ಗಿತು. ಕುರಿಗಳು ನೀರು ಕುಡಿಯುತ್ತಿದ್ದ ನದಿ ಅದು. ಇಷ್ಟೆಲ್ಲ ಉಂಡ ಮೇಲೆ, 2005ರಲ್ಲಿ, ನವಾಹೊ ಜನರ ಸ್ವಂತ ಸರ್ಕಾರ ತನ್ನ ನೆಲದಲ್ಲಿ ಯುರೇನಿಯಂ ಗಣಿಗಾರಿಕೆಯನ್ನು ನಿಷೇಧಿಸಿತು. ಆದಾಯ ಬೇಡವೆಂದಲ್ಲ, ಜೀವ ಉಳಿಯಲಿ ಎಂದು. ಇದರಲ್ಲಿ ಅವರ ತಪ್ಪು ಎಲ್ಲಿದೆ, ನೀವೇ ಹೇಳಿ.

ನೀರಿಗಾಗಿ ಅವರು ನ್ಯಾಯಾಲಯಕ್ಕೂ ಹೋದರು. ಅಮೆರಿಕ ಸರ್ಕಾರದೊಂದಿಗೆ ಆದ 1868ರ ಒಪ್ಪಂದದ ಪ್ರಕಾರ ನಮ್ಮ ನೀರಿನ ಅಗತ್ಯವೆಷ್ಟು ಎಂದು ಲೆಕ್ಕಹಾಕಿ, ಒದಗಿಸಲು ಯೋಜನೆ ಮಾಡಿ ಎಂದಷ್ಟೇ ಕೇಳಿದ್ದರು. ಅಂಥ ಹೊಣೆ ಕೇಂದ್ರ ಸರ್ಕಾರಕ್ಕಿಲ್ಲವೆಂದು 2023ರ ಜೂನ್‌ನಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ 5–4 ಬಹುಮತದಿಂದ ತೀರ್ಪಿತ್ತಿತು. ನಮ್ಮ ಲೇಖನದಲ್ಲಿ ಈ ತೀರ್ಪಿನ ಪ್ರಸ್ತಾಪವೇ ಇರಲಿಲ್ಲ. ಅದು ನಮ್ಮ ಲೋಪ; ತುಂಬಲು ನಿಮ್ಮ ಪತ್ರ ದಾರಿಮಾಡಿತು.

— ಸಂಪಾದಕ